ಓಡದ ನಲವತ್ತು ಮಂದಿ

ಮೇಜರ್ ನಿವೃತ್ತರಾಗಿ ಹದಿನಾಲ್ಕು ವರ್ಷವಾಗಿತ್ತು. ಅವರ ಗಂಟಲಿಗೆ ಮಾತ್ರ ನಿವೃತ್ತಿಯ ಆದೇಶ ಇನ್ನೂ ತಲುಪಿರಲಿಲ್ಲ. ಅವರು ಮಹಡಿಯ ಮೇಲೆ ನಿಂತು ಕೆಮ್ಮಿದರೆ ಎದುರು ಬೀದಿಯ ಶಾಲೆಯಲ್ಲಿ ಮಕ್ಕಳು ತಾವಾಗಿಯೇ ಸಾಲು ನಿಲ್ಲುತ್ತಿದ್ದರು. ಬಾಗಿಲಲ್ಲಿ ನಿಂತು ‘ಯಾರದು?’ ಅಂದರೆ ಮೂರು ಬೀದಿಯಾಚೆಯ ಜನ ತಮ್ಮ ಹೆಸರು, ವಿಳಾಸ, ತಂದೆಯ ಹೆಸರು ಒಪ್ಪಿಸುತ್ತಿದ್ದರು. ಒಂದು ಮಧ್ಯಾಹ್ನ ಹಿತ್ತಲ ಬಾಗಿಲಿಂದ ನುಗ್ಗಿದ್ದ ಕಳ್ಳನೊಬ್ಬ ಆ ದನಿ ಕೇಳಿ, ಎತ್ತಿಕೊಂಡಿದ್ದನ್ನೆಲ್ಲ ಅದರದರ ಜಾಗದಲ್ಲಿಟ್ಟು, ಹೋಗುವಾಗ ಕಪಾಟಿನ ಧೂಳನ್ನೂ ಒರೆಸಿ ಹೋದನಂತೆ.

ಇಂಥ ಮನುಷ್ಯ ಯುದ್ಧದ ಸಿನಿಮಾ ನೋಡಲು ಕೂತರೆ ಏನಾಗಬೇಕೋ ಅದೇ ಆಗುತ್ತಿತ್ತು. ಹೀರೋ ಹಲ್ಲಿನಿಂದ ಗ್ರೆನೇಡಿನ ಪಿನ್ನು ಕಿತ್ತ ಕೂಡಲೇ ಮೇಜರ್ ಎದ್ದು ನಿಲ್ಲುವರು. “ಹಲ್ಲು ಬರುತ್ತೆ ಕಣಯ್ಯಾ, ಪಿನ್ ಬರಲ್ಲ!” ವೈರ್‌ಲೆಸ್ಸಿನಲ್ಲಿ ಯಾರಾದರೂ ‘ಓವರ್ ಅಂಡ್ ಔಟ್’ ಅಂದರೋ, ಮುಗಿಯಿತು. “ಓವರ್ ಅಂದ್ರೆ ನೀನು ಮಾತಾಡು ಅಂತ, ಔಟ್ ಅಂದ್ರೆ ನಂದು ಮುಗೀತು ಅಂತ. ಎರಡೂ ಒಟ್ಟಿಗೆ ಅಂದ್ರೆ ಬಾ ಅಂತ ಕರೆದು ಬಾಗಿಲು ಹಾಕಿದ ಹಾಗೆ!” ಚಿತ್ರಮಂದಿರದ ಟಿಕೆಟ್ ಕಿಟಕಿಯ ಒಳಗೆ ಎರಡು ಫೋಟೋ ಅಂಟಿಸಿದ್ದರು. ಒಂದು ಜೇಬುಗಳ್ಳನದು, ಇನ್ನೊಂದು ಮೇಜರದು. ಜೇಬುಗಳ್ಳನನ್ನು ಬೇಕಾದರೆ ಒಳಗೆ ಬಿಡಿ ಅಂತ ಮಾಲೀಕರೇ ಹೇಳಿದ್ದರು.

ಕೊನೆಗೆ ಅವರು ಒಬ್ಬ ನಿರ್ದೇಶಕನಿಗೆ ಮೂವತ್ತೆರಡು ಪುಟದ ಕಾಗದ ಬರೆದರು. ಅವನ ಹಿಂದಿನ ಯುದ್ಧದ ಚಿತ್ರದಲ್ಲಿದ್ದ ಇನ್ನೂರ ಹನ್ನೊಂದು ತಪ್ಪುಗಳನ್ನು ನಿಮಿಷ, ಸೆಕೆಂಡಿನ ಸಮೇತ ಪಟ್ಟಿ ಮಾಡಿದ್ದರು. ಹೆಲ್ಮೆಟ್ಟಿನ ಪಟ್ಟಿ ಸಡಿಲ, ಪದಕ ಬಲಗಡೆ, ಟೋಪಿಯಿಲ್ಲದೆ ಸೆಲ್ಯೂಟು, ಸತ್ತವನ ಬೂಟಿಗೆ ಪಾಲಿಶ್. ನಿರ್ದೇಶಕ ಚುರುಕು ಮನುಷ್ಯ. ಕೋಪ ಮಾಡಿಕೊಳ್ಳದೆ ಉತ್ತರ ಬರೆದ: ‘ಆಮೇಲೆ ಬೈಯುವ ಬದಲು ಮೊದಲೇ ಬಂದು ಹೇಳಿಕೊಡಿ. ಮುಂದಿನ ಚಿತ್ರಕ್ಕೆ ನೀವೇ ಸಲಹೆಗಾರರು. ಕಥೆ, ಗುಡ್ಡದ ಠಾಣೆಯಿಂದ ಸೈನ್ಯ ಹಿಂದೆ ಸರಿದ ಘಟನೆ.’

ಆ ಕೊನೆಯ ಸಾಲನ್ನು ಮೇಜರ್ ಮೂರು ಸಲ ಓದಿದರು. ಮೂವತ್ತೆರಡು ಪುಟ ಬರೆದವರು ಇದಕ್ಕೆ ಒಂದೇ ಪದದ ಉತ್ತರ ಬರೆದರು: ‘ಬರುತ್ತೇನೆ.’

ಆ ಗುಡ್ಡದ ಮೇಲೆ ನಲವತ್ತು ಜನರ ಜೊತೆ ಇದ್ದವರು ಅವರೇ. ಮೂವತ್ತೊಂದು ವರ್ಷದ ಹಿಂದಿನ ಮಾತು. ಮೂರು ದಿನ ನೀರಿರಲಿಲ್ಲ, ಗುಂಡು ಮುಗಿಯುತ್ತ ಬಂದಿತ್ತು, ಇಳಿದು ಬನ್ನಿ ಅಂತ ಮೇಲಿನಿಂದ ಆದೇಶ ಬಂತು. ಇಳಿದರು. ಎರಡು ಮೈಲಿಯ ಇಳಿಜಾರಿಗೆ ಐದು ಗಂಟೆ ತೆಗೆದುಕೊಂಡರು. ಅರ್ಧ ಜನ ಶತ್ರುವಿನ ಕಡೆ ಬಂದೂಕು ಹಿಡಿದು ಮಲಗುವುದು, ಇನ್ನರ್ಧ ಇಪ್ಪತ್ತು ಹೆಜ್ಜೆ ಹಿಂದೆ ಹೋಗಿ ಮಲಗುವುದು, ಆಮೇಲೆ ಇವರು ಏಳುವುದು. ಸತ್ತ ನಾಲ್ವರನ್ನೂ ಹೊತ್ತು ತಂದರು. ಒಬ್ಬನೂ ಓಡಲಿಲ್ಲ. ಮರುದಿನದ ಪೇಪರಿನಲ್ಲಿ ಆರೇ ಆರು ಸಾಲು: ‘ಗುಡ್ಡದ ಠಾಣೆಯ ಸೈನಿಕರು ಕಾಲಿಗೆ ಬುದ್ಧಿ ಹೇಳಿದರು.’ ಸೈನ್ಯದ ಕಡತದಲ್ಲಿ ಸರಿಯಾಗಿಯೇ ಬರೆದಿತ್ತು. ಆದರೆ ಕಡತ ಓದುವವರು ಯಾರು, ಪೇಪರ್ ಓದದವರು ಯಾರು?

ಆ ನಲವತ್ತರಲ್ಲಿ ವೈರ್‌ಲೆಸ್ ಹೊತ್ತಿದ್ದವನೊಬ್ಬನಿದ್ದ. ಅವನನ್ನು ಎಲ್ಲರೂ ರೇಡಿಯೋ ಅಂತಲೇ ಕರೆಯುತ್ತಿದ್ದರು. ಈಗವನಿಗೂ ಅರವತ್ತಾಗಿತ್ತು. ಪ್ರತಿ ಭಾನುವಾರ ಬೆಳಿಗ್ಗೆ ಹತ್ತಕ್ಕೆ ಸರಿಯಾಗಿ ಫೋನ್ ಮಾಡುತ್ತಿದ್ದ. ಹಳೆಯ ಅಭ್ಯಾಸ ಬಿಟ್ಟಿರಲಿಲ್ಲ.

“ಸಾರ್, ನಮ್ಮ ಮೇಲೆ ಪಿಕ್ಚರ್ ತೆಗೀತಾರಂತೆ, ಹೌದಾ? ಓವರ್.”

“ಹೌದು ಕಣೋ.”

“ಓವರ್ ಅನ್ನಿ ಸಾರ್. ಇಲ್ದಿದ್ರೆ ನಾನು ಹೇಗೆ ಮಾತಾಡೋದು? ಓವರ್.”

“ಓವರ್!”

“ಅದ್ರಲ್ಲಿ ನಾವು ಓಡ್ತೀವಾ, ನಡೀತೀವಾ? ಓವರ್.”

ಉತ್ತರಕ್ಕೂ ಕಾಯದೆ ರೇಡಿಯೋ ತಾನೇ ಮುಂದುವರಿಸಿದ. “ನನ್ನ ಭಾವಮೈದ ಇದ್ದಾನಲ್ಲ, ಇವತ್ತಿಗೂ ಬಸ್ ಹೊರಟ್ರೆ ‘ಓಡಿ ಭಾವ, ನಿಮಗೆ ರೂಢಿ ಇದೆ’ ಅಂತಾನೆ. ಮೂವತ್ತೊಂದು ವರ್ಷದಿಂದ ಅದೇ ತಮಾಷೆ. ಮೊಮ್ಮಗಳು ಈಗ ಅದನ್ನ ಕಲ್ತಿದ್ದಾಳೆ. ಓವರ್.”

“ನಡೀತೀವಿ,” ಅಂದರು ಮೇಜರ್. “ನಾನು ಅಲ್ಲಿರೋವರೆಗೆ ನಾವು ನಡೀತೀವಿ. ಔಟ್.”

ಹೀಗೆ ಮಾತು ಕೊಟ್ಟು ಅವರು ಸಿನಿಮಾಕ್ಕೆ ಹೋದರು.

ಸ್ಟುಡಿಯೋದ ಹಿಂದೆ ತಗಡಿನ ಶೆಡ್ಡು, ಅದರಾಚೆ ಹಳೆಯ ಸೆಟ್ಟುಗಳು ಬಿದ್ದುಕೊಂಡ ಬಯಲು. ಅರ್ಧ ಅರಮನೆ, ಗೋಡೆಯಿಲ್ಲದ ಪೊಲೀಸ್ ಸ್ಟೇಷನ್, ರಟ್ಟಿನ ಹಡಗು. ಅಲ್ಲಿ ಅವರ ಕೈಗೆ ನಲವತ್ತು ಜನ ಜೂನಿಯರ್ ಆರ್ಟಿಸ್ಟ್‌ಗಳನ್ನು ಒಪ್ಪಿಸಿದರು. ಸೋಮವಾರ ಕೋರ್ಟಿನಲ್ಲಿ ಗುಸುಗುಸು ಅನ್ನುವ ಜನ, ಮಂಗಳವಾರ ಮದುವೆಮನೆಯ ನೆಂಟರು, ಬುಧವಾರ ವಿಮಾನ ನಿಲ್ದಾಣದಲ್ಲಿ ಖಾಲಿ ಪೆಟ್ಟಿಗೆ ಎಳೆಯುವವರು. ಇವರ ಮುಖಂಡ ಐವತ್ತು ದಾಟಿದ ಸಣಕಲ ಆಸಾಮಿ. ಮೂವತ್ತು ವರ್ಷದಲ್ಲಿ ಮುನ್ನೂರ ಹನ್ನೆರಡು ಚಿತ್ರಗಳಲ್ಲಿ ಸತ್ತಿದ್ದ. ಉಸಿರು ಬಿಗಿಹಿಡಿದು ಅವನು ಮಲಗಿದರೆ ನೊಣಗಳೇ ಮೋಸ ಹೋಗುತ್ತಿದ್ದವು. ಒಮ್ಮೆ ಸೆಟ್ ನೋಡಲು ಬಂದ ನಿಜವಾದ ಡಾಕ್ಟರೊಬ್ಬರು ಅವನ ನಾಡಿ ಹಿಡಿದು ತಲೆ ಅಲ್ಲಾಡಿಸಿ ಕಣ್ಣೊರೆಸಿಕೊಂಡಿದ್ದರು. ಅವನ ಹೆಸರೇ ಹೆಣದಣ್ಣ ಅಂತಾಗಿತ್ತು.

ಮೊದಲ ದಿನವೇ ಅವನು ಮುಂದೆ ಬಂದು ಕೈಕಟ್ಟಿ ನಿಂತ. “ಸಾರ್, ನಾನು ಎಲ್ಲಿ ಸಾಯ್ಬೇಕು ಹೇಳ್ಬಿಡಿ. ಕಲ್ಲು ಮುಳ್ಳು ನೋಡ್ಕೊಂಡ್ಬಿಡ್ತೀನಿ.”

“ನೀನು ಸಾಯಲ್ಲ.”

“ಏಟು ಬಿದ್ದು ಒದ್ದಾಡ್ಲಾ?”

“ಒದ್ದಾಡೋದೂ ಇಲ್ಲ. ಬದುಕಿ ವಾಪಸ್ ಬರ್ತೀಯ.”

“ಕೊನೇತನಕಾನಾ ಸಾರ್?”

“ಕೊನೇತನಕ.”

ಹೆಣದಣ್ಣ ಅಲ್ಲೇ ಕಲ್ಲಿನ ಮೇಲೆ ಕೂತುಬಿಟ್ಟ. “ನಮ್ಮನೆಯವಳಿಗೆ ಹೇಳ್ಬೇಕು. ಗಂಡ ಸಾಯೋದನ್ನ ಎಷ್ಟು ಸಲ ನೋಡ್ಲಿ ಅಂತ ಅವಳು ಪಿಕ್ಚರ್‌ಗೆ ಬರೋದನ್ನೇ ಬಿಟ್ಟಿದ್ಲು.”

ಹದಿನಾರು ದಿನ ಮೇಜರ್ ಆ ನಲವತ್ತು ಜನರನ್ನು ಅರೆದರು, ರುಬ್ಬಿದರು, ಒಣಗಿಸಿದರು. ಬೂಟಿನ ಲೇಸು ಕಟ್ಟುವುದಕ್ಕೇ ಒಂದು ಇಡೀ ದಿನ. ಬಂದೂಕನ್ನು ಕೊಡೆಯಂತೆ ಹಿಡಿದವನಿಗೆ ಎರಡು ದಿನ ಅದನ್ನು ಕೆಳಗಿಡಲು ಬಿಡಲಿಲ್ಲ. ಊಟ ಮಾಡುವಾಗಲೂ ಅದು ತೊಡೆಯ ಮೇಲೇ. ಆದರೆ ಎಲ್ಲಕ್ಕಿಂತ ಹೆಚ್ಚು ಕಲಿಸಿದ್ದು ಹಿಂದೆ ಸರಿಯುವುದನ್ನು.

“ಯುದ್ಧದಲ್ಲಿ ಸದ್ದು ಎಷ್ಟಿರುತ್ತೆ ಅಂದ್ರೆ ನನ್ನ ದನೀನೂ ಕೇಳಲ್ಲ,” ಅಂದರು. ನಲವತ್ತು ಜನ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಅಷ್ಟು ಸದ್ದು ಭೂಮಿಯ ಮೇಲಿದೆ ಅಂತ ಅವರಿಗೆ ನಂಬಿಕೆ ಬರಲಿಲ್ಲ. “ಅದಕ್ಕೇ ಕೈ. ನಿನ್ನ ಭುಜದ ಮೇಲೆ ಕೈ ಬಿತ್ತು ಅಂದ್ರೆ ನಿನ್ನ ಸರದಿ, ಎದ್ದು ಹಿಂದೆ ನಡಿ. ಬೀಳಲಿಲ್ಲ ಅಂದ್ರೆ ಆಕಾಶ ಕಳಚಿ ಬಿದ್ರೂ ಏಳೋ ಹಾಗಿಲ್ಲ. ಯಾಕೆ ಗೊತ್ತಾ? ನೀನು ನಿನ್ನಿಷ್ಟಕ್ಕೆ ಎದ್ದು ಓಡಿದ್ರೆ, ನಿನ್ನ ಬಂದೂಕಿನ ನೆರಳಲ್ಲಿ ಹಿಂದೆ ಹೋಗ್ತಿರೋನು ಸತ್ತ.”

ಕೈ ಬೀಳದೆ ಎದ್ದವನಿಗೆ ಬಯಲಿನ ಸುತ್ತ ಹತ್ತು ಸುತ್ತು ನಡಿಗೆ. ನಡಿಗೆಯೇ, ಓಟವಲ್ಲ. ಬೆನ್ನ ಹಿಂದೆ ಪಟಾಕಿ ಸಿಡಿಸಿದರು, ತಗಡು ಬಡಿದರು, ಮೇಲೆ ನೀರು ಸುರಿದರು. ಕೊನೆಗೆ ಊಟದ ವ್ಯಾನನ್ನು ತಂದು ಹಾರ್ನ್ ಹೊಡೆಸಿದರು. ಜೂನಿಯರ್ ಆರ್ಟಿಸ್ಟ್‌ಗಳ ಇತಿಹಾಸದಲ್ಲಿ ಮೊದಲ ಸಲ ಊಟದ ವ್ಯಾನು ಬಂದರೂ ಒಬ್ಬನೂ ಮಿಸುಕಲಿಲ್ಲ. ಹದಿನೈದನೆಯ ದಿನ ಅವರಲ್ಲಿ ಏಳು ಜನ ಬಸ್ಸಿನ ಕೊನೆಯ ನಿಲ್ದಾಣದಲ್ಲೂ ಇಳಿಯದೆ ಕೂತೇ ಇದ್ದರು, ಕಂಡಕ್ಟರ್ ಬಂದು ಭುಜ ತಟ್ಟಿದ ಮೇಲೇ ಎದ್ದರು ಅಂತ ಸುದ್ದಿ.

ಹದಿನಾರನೆಯ ದಿನ ಹೊಸ ಹಾಳೆಗಳು ಬಂದವು. ಅದುವರೆಗೆ ಮೇಜರಿಗೆ ಬಟ್ಟೆ, ಬಂದೂಕು, ಬೂಟಿನ ಪಟ್ಟಿಯನ್ನಷ್ಟೇ ಕೊಟ್ಟಿದ್ದರು. ಈಗ ಗುಡ್ಡದ ದೃಶ್ಯ ಕೈಗೆ ಬಂತು. ನಿಂತಲ್ಲೇ ಓದಿದರು. ‘ಸೈನಿಕರು ಹೆದರಿ ದಿಕ್ಕಾಪಾಲಾಗಿ ಓಡುತ್ತಾರೆ. ನಾಯಕ ಒಬ್ಬನೇ ಠಾಣೆಯಲ್ಲಿ ನಿಲ್ಲುತ್ತಾನೆ.’

ಸೀದಾ ನಿರ್ದೇಶಕನ ವ್ಯಾನಿಗೆ ಹೋದರು. ಒಳಗೆ ತಣ್ಣಗಿತ್ತು, ಗೋಡೆಯ ಉದ್ದಕ್ಕೂ ಕನ್ನಡಿ. ಹೀರೋ ಒಂದು ಕುರ್ಚಿಯಲ್ಲಿ ಕೂತು ಹುಬ್ಬಿಗೆ ಮಸಿ ಹಚ್ಚಿಸಿಕೊಳ್ಳುತ್ತಿದ್ದ.

“ಇವರು ಓಡಲ್ಲ,” ಅಂದರು ಮೇಜರ್, ಹಾಳೆಯನ್ನು ಮೇಜಿನ ಮೇಲಿಟ್ಟು.

“ಕೂತ್ಕೊಳ್ಳಿ ಮೇಜರ್. ಟೀ ಕುಡೀರಿ.”

“ಅವತ್ತು ಯಾರೂ ಓಡಲಿಲ್ಲ. ನಾನು ಅಲ್ಲಿದ್ದೆ.”

“ಇದ್ರಿ, ಒಪ್ಕೋತೀನಿ.” ನಿರ್ದೇಶಕ ನಗುತ್ತಲೇ ಹೇಳಿದ. “ಆದ್ರೆ ಐದು ಗಂಟೆ ನಡೆಯೋದನ್ನ ನೋಡೋಕೆ ಯಾರು ಸಾರ್ ಟಿಕೆಟ್ ತಗೋತಾರೆ? ನಲವತ್ತು ಜನ ಓಡಿದ್ರೆ ತಾನೇ ನಿಂತವನು ಹೀರೋ? ಎಲ್ರೂ ನಿಂತ್ರೆ ಇವರನ್ನ ನಾನು ಎಲ್ಲಿ ಹುಡುಕ್ಲಿ?”

ಹೀರೋ ಕನ್ನಡಿಯೊಳಗಿಂದಲೇ ತಲೆಯಾಡಿಸಿದ. ಅರ್ಧ ಹುಬ್ಬು ಕಪ್ಪಾಗಿತ್ತು.

“ಒಬ್ಬನೇ ನಿಂತವನು ಹತ್ತು ನಿಮಿಷಕ್ಕೆ ಸಾಯ್ತಾನೆ. ಅವನನ್ನ ಹೀರೋ ಅನ್ನಲ್ಲ, ಪೆದ್ದ ಅಂತೀವಿ.”

“ಮೇಜರ್, ಒಂದು ಮಾತು. ನಿಮ್ಮನ್ನ ಕರೆಸಿದ್ದು ನೈಜತೆಗೆ. ಬೂಟು, ಬೆಲ್ಟು, ಗುಂಡಿ, ಸೆಲ್ಯೂಟು, ಅದೆಲ್ಲ ನೀವು ಹೇಳಿದ ಹಾಗೇ. ಒಂದು ಗುಂಡಿ ಆಚೀಚೆ ಆಗೋದಕ್ಕೂ ಬಿಡಲ್ಲ. ಗುಂಡಿ ನಿಮ್ಮದು, ಕಥೆ ನಂದು.”

“ಅಂದ್ರೆ ಸುಳ್ಳಿಗೆ ಸರಿಯಾದ ಯೂನಿಫಾರ್ಮ್ ಹಾಕಿಸೋದಕ್ಕೆ ನಾನು.”

“ನೀವೇನು ಬೇಕಾದ್ರೂ ಅಂದ್ಕೊಳ್ಳಿ,” ಅಂದ ನಿರ್ದೇಶಕ. ಈಗ ಅವನ ಮುಖದಲ್ಲಿ ನಗು ಇರಲಿಲ್ಲ.

ಮನೆಗೆ ಬಂದು ಮೇಜರ್ ಟೋಪಿಯನ್ನು ಗೂಟಕ್ಕೆ ಎಸೆದರು. ಅದು ತಪ್ಪಿ ಹೂಜಿಯ ಮೇಲೆ ಬಿತ್ತು. ಅವರ ಹೆಂಡತಿ ಅದನ್ನು ನೋಡಿದರು. ಮನೆಯಲ್ಲಿ ಮೇಜರಿಗಿಂತ ಮೇಲಿನ ದರ್ಜೆ ಆಕೆಯದು. ನೆಂಟರಿಷ್ಟರೆಲ್ಲ ಆಕೆಯನ್ನು ಕರ್ನಲಮ್ಮ ಅನ್ನುತ್ತಿದ್ದರು, ಎದುರಿಗೇ.

“ಇಪ್ಪತ್ತೆಂಟು ವರ್ಷದಲ್ಲಿ ಗುರಿ ತಪ್ಪಿದ್ದು ಇದೇ ಮೊದಲು. ಏನಾಯ್ತು?”

ಅವರು ಹೇಳಿದರು. “ಬಿಟ್ಟು ಬಂದ್ಬಿಡ್ತೀನಿ ನಾಳೆ. ಅವನ ಮುಖದ ಮೇಲೆ ಎಸೆದು ಬಂದ್ಬಿಡ್ತೀನಿ.”

“ಎಸೀರಿ. ಅವನಿಗೂ ಅದೇ ಬೇಕು. ನೀವಿಲ್ದೇ ಇದ್ರೆ ಅವರನ್ನ ಓಡಿಸೋದೇನು, ಕುಣಿಸಿಯೂ ಬಿಡ್ತಾನೆ.” ಆಕೆ ಟೋಪಿಯನ್ನು ಎತ್ತಿ ನೀರು ಕೊಡವಿದರು. “ಹಾಲು ತನ್ನಿ ಅಂದ್ರೆ ಮ್ಯಾಪ್ ಬಿಡಿಸ್ಕೊಂಡು ಹೋಗೋರು ನೀವು. ಇದಕ್ಕೊಂದು ಮ್ಯಾಪ್ ಬಿಡಿಸೋಕಾಗಲ್ವಾ? ಹೋಗಿ ಅಲ್ಲೇ ಕೂತ್ಕೊಳ್ಳಿ, ಹಲ್ಲಿಗೆ ಸಿಕ್ಕಿದ ನಾರಿನ ಹಾಗೆ. ಅವರಾಗೇ ಕಿತ್ತು ಹಾಕೋತನಕ ಏಳ್ಬೇಡಿ.”

ಮೇಜರ್ ಆಕೆಗೆ ಸೆಲ್ಯೂಟ್ ಹೊಡೆದರೋ ಇಲ್ಲವೋ ನೋಡಿದವರಿಲ್ಲ. ಹೊಡೆದಿರಬೇಕು.

ಗುಡ್ಡದ ಶೂಟಿಂಗಿನ ದಿನ ಬಂತು. ಬೋಳುಗುಡ್ಡ. ಒಂದೇ ದಿನದ ಪರವಾನಗಿ. ಬಾಂಬ್ ಮೇಸ್ತ್ರಿ ಇಳಿಜಾರಿನಲ್ಲಿ ಎಂಟೆಂಟು ಸ್ಫೋಟದ ಎರಡು ಸುತ್ತಿಗೆ ಸಾಕಾಗುವಷ್ಟು ಮದ್ದು ಹೂತಿದ್ದ. ಪ್ರತಿ ಗುಂಡಿಯ ಪಕ್ಕ ಕೆಂಪು ಬಾವುಟ ನೆಟ್ಟು ಜಾಗ ಗುರುತಿಸಿದವರು ಮೇಜರೇ. ಮೂರು ಕ್ಯಾಮೆರಾ, ಏಳು ಹೊಗೆಯಂತ್ರ. ಒಂದು ಕಾರ್ಖಾನೆಯೇ ಗುಡ್ಡ ಹತ್ತಿ ಕೂತಂತಿತ್ತು. ನಲವತ್ತು ಜನ ಸಾಲಾಗಿ ಮಲಗಿದರು. ಸತ್ತ ನಾಲ್ವರ ಬದಲಿಗೆ ಮರಳು ತುಂಬಿದ ನಾಲ್ಕು ಬೊಂಬೆಗಳನ್ನು ನಿರ್ದೇಶಕ ಅಲ್ಲಲ್ಲಿ ಚೆಲ್ಲಿಸಿದ್ದ. ಮೇಜರನ್ನು ಕೊಡೆಯ ಕೆಳಗೆ, ಮಾನಿಟರಿನ ಪಕ್ಕ ಕೂರಿಸಿದರು.

ನಿರ್ದೇಶಕ ಮೈಕ್ ಹಿಡಿದ. “ಎಲ್ರೂ ಕೇಳಿ! ಮೊದಲ ಬಾಂಬ್ ಸಿಡಿದ ಕೂಡ್ಲೇ ಎದ್ದು ಓಡ್ಬೇಕು. ಬಂದೂಕು ಎಸೆದು ಓಡಿ. ಬೊಂಬೆ ತುಳ್ಕೊಂಡು ಓಡಿ. ಗೊತ್ತಾಯ್ತಾ?”

ನಲವತ್ತು ತಲೆ ಅಲ್ಲಾಡಿದವು. ಮೂವತ್ತು ವರ್ಷದಿಂದ ಎಲ್ಲ ನಿರ್ದೇಶಕರಿಗೂ ಅಲ್ಲಾಡಿದ ತಲೆಗಳು ಅವು.

“ಆಕ್ಷನ್!”

ಮೊದಲ ಬಾಂಬಿಗೆ ಗುಡ್ಡ ಒಂದಡಿ ಮೇಲೆದ್ದು ಕೂತಿತು. ಎರಡನೆಯದಕ್ಕೆ ಕೊಡೆ ಹಾರಿತು. ಹೊಗೆ, ಮಣ್ಣು, ಬೆಂಕಿ. ಆ ಗದ್ದಲದ ನಡುವೆ ಹೀರೋ ಕಲ್ಲಿನ ಮೇಲೆ ಹತ್ತಿ ನಿಂತು, ಎದೆಯ ಗುಂಡಿ ಹರಿದುಕೊಂಡು ಗರ್ಜಿಸಿದ: “ಓಡೋರೆಲ್ಲ ಓಡಿ! ಈ ಗುಡ್ಡಕ್ಕೆ ನಾನೊಬ್ನೇ ಸಾಕು!”

ಹಿಂದೆ ತಿರುಗಿ ನೋಡಿದ. ಒಬ್ಬನೂ ಹೋಗಿರಲಿಲ್ಲ. ನಲವತ್ತು ಜನ ಇದ್ದಲ್ಲೇ, ಗೋಡೆಗಂಟಿದ ಹಲ್ಲಿಯಷ್ಟೂ ಮಿಸುಕದೆ, ಬಂದೂಕು ಹಿಡಿದು ಮಲಗಿದ್ದರು. ಹೀರೋ ಅವರನ್ನು ನೋಡಿದ, ಅವರು ಹೀರೋನನ್ನು ನೋಡಿದರು.

“ಓಡ್ರೋ…” ಅಂದ ಹೀರೋ, ಸಣ್ಣ ದನಿಯಲ್ಲಿ.

“ಕಟ್!” ನಿರ್ದೇಶಕ ಮೈಕ್ ಎಸೆದು ಮೇಲೆ ಓಡಿದ. “ಯಾಕ್ರಯ್ಯಾ? ಕಾಲಿಗೇನು ಮೊಳೆ ಹೊಡೆದಿದ್ದಾರಾ?”

ಹೆಣದಣ್ಣ ಮಲಗಿದ್ದಲ್ಲಿಂದಲೇ ಮುಖ ಎತ್ತಿದ. ಅವನಿಗೆ ನಿಜವಾಗಿಯೂ ಸಂಕಟವಾಗಿತ್ತು. “ಏಳೋಣ ಅಂತಾನೇ ಇದ್ವಿ ಸಾರ್. ಆದ್ರೆ ಯಾರೂ ಭುಜ ಮುಟ್ಟಲಿಲ್ಲ.”

ನಿರ್ದೇಶಕ ಕೆಳಗಿಳಿದು ಬಂದಾಗ ಕಿವಿಯವರೆಗೆ ಕೆಂಪಾಗಿದ್ದ. ಮೇಜರ್ ಎದುರು ನಿಂತ. “ಇದು ನಿಮ್ಮ ಕೆಲಸ. ಇನ್ನೊಂದೇ ಸುತ್ತು ಮದ್ದು ಉಳಿದಿರೋದು. ನೀವೇ ಹೋಗಿ ಓಡಿ ಅಂತ ಅವರಿಗೆ ಹೇಳಿ. ನೀವು ಹೇಳಿದ್ರೆ ಬಾವಿಗೂ ಬೀಳ್ತಾರೆ.”

“ಆ ಆರ್ಡರ್ ನಾನು ಕೊಡಲ್ಲ.”

“ಮೇಜರ್, ಟೈಟಲ್‌ನಲ್ಲಿ ನಿಮ್ಮ ಹೆಸರಿಗೆ ಒಂದು ಇಡೀ ಪರದೆ ಕೊಡ್ತೀನಿ. ಹೀರೋ ಹೆಸರಿನಷ್ಟೇ ದಪ್ಪ ಅಕ್ಷರ. ಆಗಲ್ಲ ಅಂದ್ರೆ, ಈಗ್ಲೇ ಗುಡ್ಡ ಇಳೀರಿ.”

“ಓಡಿದ್ದು ನಿಜ ಅಂತ ನನ್ನ ಹೆಸರು ಸಾಕ್ಷಿ ಹೇಳ್ಬೇಕು. ಅದೂ ದಪ್ಪ ಅಕ್ಷರದಲ್ಲಿ. ಇಲ್ಲ ಕಣಪ್ಪ. ಮೂವತ್ತೊಂದು ವರ್ಷದ ಹಿಂದೆ ಯಾರೋ ಬರೆದ ಆರು ಸಾಲನ್ನ ನಾನು ಅಳಿಸಕ್ಕಾಗಲಿಲ್ಲ. ಏಳನೇ ಸಾಲು ನನ್ನ ಕೈಯಿಂದ ಬರೆಸ್ಬೇಡ.” ಮೇಜರ್ ಎದ್ದರು. “ಅವರ ಹತ್ರ ಹೋಗ್ತೀನಿ. ಓಡಿ ಅಂತ ಹೇಳೋಕಲ್ಲ. ಮೊದ್ಲೇ ಹೇಳಿದ್ದೀನಿ, ಆಮೇಲೆ ಮೋಸ ಅನ್ಬೇಡ.”

ನಿರ್ದೇಶಕ ಆಗಲೇ ಹೊಗೆಯವರ ಮೇಲೆ ಕೂಗಾಡಲು ತಿರುಗಿದ್ದ. ಕೇಳಿಸಿಕೊಂಡನೋ ಇಲ್ಲವೋ.

ಮೇಜರ್ ಮೇಲೆ ಹತ್ತಿ ನಲವತ್ತು ಜನರ ನಡುವೆ ಕುಕ್ಕರಗಾಲಲ್ಲಿ ಕೂತರು. ಜೀವನದಲ್ಲಿ ಮೊದಲ ಸಲ ಮೆಲ್ಲಗೆ ಮಾತಾಡಿದರು. ಆದರೂ ಗುಡ್ಡದ ಕೆಳಗಿನ ಲಾರಿ ಡ್ರೈವರುಗಳಿಗೆ ಕೇಳಿಸಿತು ಅನ್ನುತ್ತಾರೆ.

“ನಿಮ್ಮ ಅನ್ನ ಅವನ ಕೈಲಿದೆ. ಅವನು ಓಡಿ ಅಂದ್ರೆ ಓಡಬಹುದು. ನಾನು ತಪ್ಪು ತಿಳ್ಕೊಳ್ಳಲ್ಲ. ಆದ್ರೆ ನೀವು ಯಾರ ಬೂಟು ಹಾಕ್ಕೊಂಡಿದ್ದೀರೋ ಆ ನಲವತ್ತು ಜನ ಓಡಲಿಲ್ಲ. ಇದೊಂದು ನಿಮಗೆ ಗೊತ್ತಿರಲಿ.”

ಹೆಣದಣ್ಣ ಕೇಳಿದ, “ಅವರಲ್ಲಿ ಎಷ್ಟು ಜನ ಸತ್ರು ಸಾರ್?”

“ನಾಲ್ಕು.”

“ಅವರನ್ನ?”

“ಹೊತ್ಕೊಂಡು ಬಂದ್ವಿ.”

ಹೆಣದಣ್ಣ ಮರಳಿನ ಬೊಂಬೆಗಳ ಕಡೆ ನೋಡಿದ. ಸತ್ತವರ ಬಗ್ಗೆ ಅವನಿಗಿಂತ ಹೆಚ್ಚು ತಿಳಿದವರು ಅಲ್ಲಿರಲಿಲ್ಲ. “ಎಲ್ರೂ ಓಡ್ಬಿಟ್ರೆ ಇವರನ್ನ ಹೊತ್ತೋರು ಯಾರು ಅಂತ ನೋಡ್ದೋರು ಕೇಳಲ್ವಾ?”

“ಕೇಳಲ್ಲ. ಓಡೋದನ್ನ ನೋಡಿದ್ಮೇಲೆ ಯಾರೂ ಏನೂ ಕೇಳಲ್ಲ.”

ಹೆಣದಣ್ಣ ಹತ್ತಿರದ ಬೊಂಬೆಯ ಮುಖದ ಮಣ್ಣು ಒರೆಸಿದ. ಆಮೇಲೆ ಅಂದ, “ನಮಗೆ ಭುಜ ಮುಟ್ಟೋಕೆ ಒಬ್ಬರು ಬೇಕು ಸಾರ್. ಅವತ್ತು ಮೊದಲು ಮುಟ್ಟಿದ್ದು ಯಾರು?”

ಮೇಜರ್ ಎದ್ದು ಬಂಡೆಯ ಹಿಂದಿದ್ದ ಬಟ್ಟೆಯ ಟ್ರಂಕಿನ ಹತ್ತಿರ ಹೋದರು. ಹೆಚ್ಚುವರಿ ಯೂನಿಫಾರ್ಮು ಒಂದಿತ್ತು, ಒಂದು ಹೆಲ್ಮೆಟ್ಟು. ಅಂಗಿಯೊಳಗೆ ಹೊಟ್ಟೆಯನ್ನು ತುರುಕುವುದು ಆ ಗುಡ್ಡವನ್ನು ಹಿಡಿದುಕೊಳ್ಳುವುದಕ್ಕಿಂತ ಕಷ್ಟವಾಯಿತು, ಆದರೂ ತುರುಕಿದರು. ಸಾಲಿನ ಮುಂದೆ ಬಂದು ಮಲಗಿದರು. ಕೆಳಗೆ ಮಾನಿಟರಿನಲ್ಲಿ ನಲವತ್ತೊಂದು ಹೆಲ್ಮೆಟ್ಟು ಕಾಣುತ್ತಿದ್ದವು. ಯಾರೂ ಎಣಿಸಲಿಲ್ಲ. ತಲೆ ಎಣಿಸುವುದು ಸೈನ್ಯದವರ ಅಭ್ಯಾಸ, ಸಿನಿಮಾದವರದಲ್ಲ.

“ಆಕ್ಷನ್!”

ಗುಡ್ಡ ಮತ್ತೆ ಸಿಡಿಯಿತು. ಹೊಗೆಯ ನಡುವೆ ಒಬ್ಬ ಡೊಳ್ಳುಹೊಟ್ಟೆಯ ಸೈನಿಕ ಎದ್ದು, ಬಾಗಿ, ಕೆಂಪು ಬಾವುಟಗಳನ್ನು ಬಳಸಿಕೊಂಡು ಸಾಲಿನುದ್ದಕ್ಕೂ ನಡೆದ. ಒಬ್ಬನನ್ನು ಬಿಟ್ಟು ಒಬ್ಬನ ಭುಜದ ಮೇಲೆ ಕೈ ಬಿತ್ತು. ಇಪ್ಪತ್ತು ಜನ ಎದ್ದರು. ಬೆನ್ನು ತೋರಿಸದೆ, ಬಂದೂಕಿನ ಮೂತಿ ಶತ್ರುವಿನ ಕಡೆಗೇ ಇಟ್ಟು, ಇಪ್ಪತ್ತು ಹೆಜ್ಜೆ ಹಿಂದೆ ಸರಿದು ಮಲಗಿದರು. ಆಮೇಲೆ ಉಳಿದ ಇಪ್ಪತ್ತು. ನಾಲ್ಕು ಬೊಂಬೆಗಳನ್ನು ನಾಲ್ಕು ಜೋಡಿ ಎತ್ತಿಕೊಂಡವು. ಒಂದನ್ನು ತೋಳಿಗೆ ಏರಿಸಿಕೊಂಡ ಹೆಣದಣ್ಣ ಏದುಸಿರಿನಲ್ಲಿ ಪಕ್ಕದವನಿಗೆ ಹೇಳಿದ, “ಸತ್ತೋರು ಇಷ್ಟು ಭಾರ ಇರ್ತಾರೆ ಅಂತ ನಂಗೆ ಗೊತ್ತೇ ಇರ್ಲಿಲ್ಲ ಕಣೋ.”

ಕೆಳಗೆ ನಿರ್ದೇಶಕ ಹನ್ನೊಂದು ಸಲ ‘ಕಟ್’ ಅಂದ. ಬಾಂಬಿನ ಸದ್ದಿನಲ್ಲಿ ಅದು ಸೊಳ್ಳೆಯ ಗುಂಯ್‌ಗಿಂತ ಹೆಚ್ಚಿರಲಿಲ್ಲ. ಮೂವರು ಕ್ಯಾಮೆರಾದವರೂ ಕಣ್ಣು ತೆಗೆಯಲಿಲ್ಲ. ಕೇಳಿಸಲಿಲ್ಲ ಅಂತ ಆಮೇಲೆ ಮೂವರೂ ಒಂದೇ ಬಾಯಿಂದ ಆಣೆ ಮಾಡಿದರು.

ಕಲ್ಲಿನ ಮೇಲೆ ಹೀರೋ ಒಬ್ಬನೇ ಉಳಿದ. ಅವನು ಕೇಳಿದ್ದೂ ಅದನ್ನೇ. ಆದರೆ ಸುತ್ತ ಮಣ್ಣು ಹಾರುತ್ತಿದ್ದಾಗ, ಕೆಳಗೆ ನಲವತ್ತು ಬಂದೂಕು ತನಗಾಗಿ ಕಾಯುತ್ತಿದ್ದಾಗ, ಒಬ್ಬನೇ ನಿಲ್ಲುವುದು ವ್ಯಾನಿನ ಕನ್ನಡಿಯಲ್ಲಿ ಕಂಡಷ್ಟು ಚೆನ್ನಾಗಿರಲಿಲ್ಲ. ಯಾರೋ ಭುಜದ ಮೇಲೆ ಕೈಯಿಟ್ಟರು.

“ನಡಿ. ನಿನ್ನ ಸರದಿ.”

“ನಾನು ಹೀರೋ ಸಾರ್. ನಾನು ಹೋಗೋ ಹಾಗಿಲ್ಲ.”

“ಅದಕ್ಕೇ ಕಣಯ್ಯಾ ನಿನ್ನ ಹತ್ರ ಕೊನೇಗೆ ಬಂದಿದ್ದು. ಆ ಬೊಂಬೆಗೆ ಇನ್ನೊಂದು ಕೈ ಬೇಕು. ಇಳಿ.”

ಹೀರೋ ಮೇಜರ್ ಮುಖ ನೋಡಿದ, ಕೆಳಗಿನ ಕ್ಯಾಮೆರಾ ನೋಡಿದ. ಇಳಿದ. ಹೆಣದಣ್ಣನ ಜೊತೆ ಬೊಂಬೆಯ ಕಾಲಿಗೆ ಕೈ ಹಾಕಿದ. ಎಲ್ಲರಿಗಿಂತ ಹಿಂದೆ ಮೇಜರ್, ಇನ್ನೂ ಬಾರದ ಶತ್ರುವಿಗೆ ಮುಖ ಮಾಡಿ, ಒಂದೊಂದೇ ಹೆಜ್ಜೆ ಹಿಂದಕ್ಕೆ. ಎಂಟನೆಯ ಬಾಂಬು ಮುಗಿದು ಹೊಗೆ ತೆಳುವಾದಾಗ ಗುಡ್ಡದ ಮೇಲೆ ಒಂದು ಬಂದೂಕೂ ಬಿದ್ದಿರಲಿಲ್ಲ, ಒಂದು ಬೊಂಬೆಯೂ ಉಳಿದಿರಲಿಲ್ಲ.

ನಿರ್ದೇಶಕ ಬಂದು ಮೇಜರ್ ಎದುರು ನಿಂತ. “ನನ್ನ ಚಿತ್ರ ಹಾಳು ಮಾಡಿದ್ರಿ. ನಿಮ್ಮ ಹೆಸರು ಎಲ್ಲೂ ಬರಲ್ಲ. ಒಂದು ಅಕ್ಷರವೂ ಬರಲ್ಲ.”

“ಬೇಡ.”

“ಇದನ್ನೆಲ್ಲ ಕತ್ತರಿಸಿ ಎಸೀತೀನಿ.”

“ಕತ್ತರಿಸು. ನಿನ್ನ ಕತ್ತರಿ, ನಿನ್ನ ಚಿತ್ರ. ಎಷ್ಟು ಬೇಕಾದ್ರೂ ಕತ್ತರಿಸು.” ಮೇಜರ್ ಹೆಲ್ಮೆಟ್ಟು ತೆಗೆದು ಕಂಕುಳಲ್ಲಿಟ್ಟುಕೊಂಡರು. “ಆದ್ರೆ ಮದ್ದು ಮುಗೀತು, ಪರವಾನಗೀನೂ ಮುಗೀತು. ಇವರು ಓಡೋ ಒಂದೇ ಒಂದು ತುಣುಕು ನಿನ್ನ ಹತ್ರ ಇಲ್ಲ. ಎರಡು ಟೇಕಲ್ಲೂ ಇಲ್ಲ.”

“ಕಂಪ್ಯೂಟರಲ್ಲಿ ಓಡಿಸ್ತೀನಿ!”

“ಓಡಿಸು. ಅವು ನಿನ್ನ ಗೊಂಬೆ. ನನ್ನ ಜನ ಅಲ್ಲ.”

ನಿರ್ದೇಶಕ ನಲವತ್ತು ಜನರ ಕಡೆ ತಿರುಗಿದ. “ನಾಳೆ ಸ್ಟುಡಿಯೋದಲ್ಲಿ ಹಸಿರು ಪರದೆ ಹಾಕ್ತೀನಿ, ಗುಡ್ಡ ಆಮೇಲೆ ಕಂಪ್ಯೂಟರಲ್ಲಿ ಸೇರಿಸ್ಕೋತೀನಿ. ಓಡೋರು ಯಾರ್ಯಾರು, ಕೈ ಎತ್ತಿ!”

ಮೂವತ್ತು ವರ್ಷದಿಂದ ಅಲ್ಲಾಡುತ್ತಿದ್ದ ತಲೆಗಳು ಅಲ್ಲಾಡಲಿಲ್ಲ. ಒಂದು ಕೈಯೂ ಮೇಲೇಳಲಿಲ್ಲ. ಬೊಂಬೆಯ ಕಾಲು ಇನ್ನೂ ಹೀರೋ ಕೈಯಲ್ಲೇ ಇತ್ತು.

ಪ್ರೊಡಕ್ಷನ್ ಮ್ಯಾನೇಜರ್ ಒಂದು ಹಾಳೆ, ಪೆನ್ನು ಹಿಡಿದು ಬಂದ. ಮರ್ಯಾದಸ್ಥ. ದನಿ ತಗ್ಗಿಸಿ ಹೇಳಿದ, “ಸಾರ್, ಇಲ್ಲೊಂದು ಸಹಿ ಹಾಕ್ಬಿಡಿ. ಸ್ವಂತ ಇಚ್ಛೆಯಿಂದ ಕೆಲಸ ಬಿಡ್ತಿದ್ದೀನಿ ಅಂತ. ನಿಮಗೂ ಗೌರವ, ನಮಗೂ ತಲೆನೋವಿಲ್ಲ. ಬೇಗ ಹಾಕಿ, ಬೆಳಕು ಹೋಗೋದರೊಳಗೆ ಎಲ್ಲ ಇಳಿಸ್ಬೇಕು.”

ಮೇಜರ್ ಹಾಳೆಯನ್ನು ಹೆಲ್ಮೆಟ್ಟಿನ ಮೇಲಿಟ್ಟು, ಅವಸರವೇ ಇಲ್ಲದೆ ಮೊದಲ ಅಕ್ಷರದಿಂದ ಕೊನೆಯವರೆಗೆ ಓದಿದರು. ‘ಸ್ವಂತ ಇಚ್ಛೆಯಿಂದ’ ಅನ್ನುವುದನ್ನು ಒಂದು ಗೆರೆ ಎಳೆದು ಹೊಡೆದುಹಾಕಿದರು. ಗೆರೆ ಸ್ಕೇಲಿಟ್ಟು ಎಳೆದಷ್ಟು ನೆಟ್ಟಗಿತ್ತು. ಅದರ ಕೆಳಗೆ ದುಂಡಗೆ ಬರೆದರು: ‘ತೆಗೆದುಹಾಕಲಾಗಿದೆ. ಕಾರಣ, ಓಡಲಿಲ್ಲ.’ ದರ್ಜೆ, ದಿನಾಂಕ, ಗಂಟೆ, ನಿಮಿಷ ಹಾಕಿ ಸಹಿ ಮಾಡಿದರು. ಆಮೇಲೆ ಪೆನ್ನನ್ನು ಹೆಣದಣ್ಣನ ಕಡೆ ಚಾಚಿದರು.

“ಸಾಕ್ಷಿ ಸಹಿ ಹಾಕ್ತೀಯಾ?”

ಹೆಣದಣ್ಣ ಕೈ ಒರೆಸಿಕೊಂಡು ಪೆನ್ನು ಹಿಡಿದ. ಅವನ ಹಿಂದೆ ಉಳಿದ ಮೂವತ್ತೊಂಬತ್ತು ಜನ ಸಾಲು ನಿಂತರು.

“ಹಾಳೆ ಸಾಲಲ್ಲ ಸಾರ್,” ಅಂದ ಮ್ಯಾನೇಜರ್.

“ಇನ್ನೊಂದು ತನ್ನಿ,” ಅಂದರು ಮೇಜರ್.